ನಂಬರ್ ಕಾಣುವ ಫೋಟೊ

ನಡುರಾತ್ರಿ ಬೀದಿಯಲ್ಲಿ ಟಕ್ ಎಂದು ಸದ್ದಾಯಿತು, ಕೋಲು ಕಾರಿಗೆ ತಾಗಿದ ಹಾಗೆ. ಅವಳು ಎದ್ದು ಕೂತಳು.

ಕಣ್ಣು ಕಾಣದ ಎದುರುಮನೆಯ ಮೇಷ್ಟ್ರು ಹೋದ ತಿಂಗಳು ಅವಳನ್ನು ಕೇಳಿದ್ದರು: "ಫುಟ್‌ಪಾತ್ ಮೇಲೆ ಯಾರೋ ಕಾರು ನಿಲ್ಲಿಸ್ತಾರಮ್ಮ. ನಾನು ರಸ್ತೆಗೇ ಇಳೀಬೇಕು. ದೂರು ಕೊಟ್ರೆ ಪೊಲೀಸರು ಎತ್ಕೊಂಡು ಹೋಗ್ತಾರಂತೆ, ಆದ್ರೆ ನಂಬರ್ ಕಾಣೋ ಫೋಟೊ ಬೇಕಂತೆ. ನಾನು ತೆಗೆದ್ರೆ ಆಕಾಶ ಬರುತ್ತೆ. ನೀವು ಕಳಿಸ್ತೀರಾ?"

ಮಾರನೆಯ ದಿನ ಅವಳು, "ಕಳಿಸಿದೆ ಮೇಷ್ಟ್ರೇ," ಎಂದಿದ್ದಳು.

"ಬದುಕಿಸಿದ್ರಿ ತಾಯಿ," ಎಂದು ಅವರು ಕೈಮುಗಿದಿದ್ದರು.

ಕಾರು ಅಲ್ಲೇ ಇತ್ತು. ಮೊನ್ನೆ ಅದನ್ನು ದಾಟಲು ರಸ್ತೆಗಿಳಿದ ಮೇಷ್ಟ್ರು ಲಾರಿಗೆ ಸಿಕ್ಕಿ ತೀರಿಕೊಂಡರು.

ಮತ್ತೆ ಅದೇ ಸದ್ದು. ಪಕ್ಕದಲ್ಲಿ ಗಂಡ ಹೊರಳಿದ. "ಏನೇ, ಫುಟ್‌ಪಾತ್ ಮೇಲೆ ಯಾರೋ ನಮ್ಮ ಕಾರು ತಟ್ಟಿದ ಹಾಗಾಯ್ತಲ್ಲ?"

"ಬೆಕ್ಕಿರಬೇಕು, ಮಲಗಿ," ಎಂದಳು. ಫೋಟೊ ಕಳಿಸಲೇ ಇಲ್ಲವೆಂದು ಯಾರಿಗೂ ಹೇಳಬಾರದೆಂದು ನಿರ್ಧರಿಸಿದಳು.