ನೀಲವ್ವನ ಮನೆಯ ಎರಡನೆಯ ನೆರಳು

ರಸ್ತೆ ಅಗಲ ಮಾಡಲು ಬೇವಿನ ಮರಗಳನ್ನೆಲ್ಲ ಕಡಿಸಿದ ಮೇಲೆ ಹೊಸಗುಡ್ಡದ ಪುರಸಭೆ ನೆರಳಿನ ಕಂದಾಯ ಶುರು ಮಾಡಿತು. ತಲೆಗೊಂದು ನೆರಳು, ಹತ್ತರಿಂದ ನಾಲ್ಕರವರೆಗೆ. ವಸೂಲಿಯ ಮೌನೇಶ ಮನೆಮನೆಗೆ ಬಂದು, ಅವರವರ ನೆರಳನ್ನು ಚಾಪೆ ಸುತ್ತಿದಂತೆ ಸುತ್ತಿ ಒಯ್ದು ಬಸ್‌ಸ್ಟ್ಯಾಂಡಿನಲ್ಲಿ ಹಾಸುತ್ತಿದ್ದ. ಸಂಜೆ ತಪ್ಪದೆ ತಂದುಕೊಡುತ್ತಿದ್ದ.

ಅವತ್ತು ನೀಲವ್ವ ತನ್ನದನ್ನು ಕೊಟ್ಟು ಬಾಗಿಲು ಹಾಕುವಷ್ಟರಲ್ಲಿ ಅವನು ಒಳಗೆ ಇಣುಕಿದ. ಗೋಡೆಗೆ ಇನ್ನೊಂದು ನೆರಳು ಒರಗಿತ್ತು, ತಲೆಗೆ ರುಮಾಲು ಸುತ್ತಿಕೊಂಡು.

"ಇದು ಯಾರದಬೇ ಯವ್ವಾ?"

"ನಮ್ಮ ಮನಿಯವರದು."

"ಅವರು ಹೋಗಿ ಮೂರು ವರ್ಷ ಆತಲ್ಲ!"

"ಅವರು ಹೋದ್ರು. ಇದಕ್ಕ ಯಾರೂ ಹೇಳಿಲ್ಲ."

ಸತ್ತವರ ನೆರಳು ಕಾಯಂ ಆಗಿ ಪುರಸಭೆಗೆ ಸೇರಬೇಕೆಂಬುದು ಕಾಯಿದೆ; ಒಮ್ಮೆ ಹೋದದ್ದು ಮನೆಗೆ ಮರಳುವುದಿಲ್ಲ. ಮೌನೇಶ ತಲೆ ಕೆರೆದುಕೊಂಡ. "ನಾ ನೋಡೇ ಇಲ್ಲ ಅಂತೀನಿ. ಆದ್ರ ಅಲ್ಲಿ ಬಾಣಂತ್ಯಾರು ಬಿಸಿಲಾಗ ನಿಂತಾರಬೇ."

ನೀಲವ್ವ ಗೋಡೆಯತ್ತ ತಿರುಗಿದಳು. "ಕೇಳಿದ್ರೇನ್ರೀ? ಇದ್ದಾಗ ಒಂದಿನಾನೂ ನನ್ನ ಬಸ್‌ಸ್ಟ್ಯಾಂಡಿಗೆ ಬಿಡಾಕ ಬರಲಿಲ್ಲ. ಈಗರ ಏಳ್ರಿ."

ನೆರಳು, ಯಜಮಾನರ ಹಾಗೆಯೇ, ಮಿಸುಕಲಿಲ್ಲ. ಅವಳೇ ಅದನ್ನು ಸುತ್ತಿ ಕಂಕುಳಲ್ಲಿಟ್ಟುಕೊಂಡು ಮೌನೇಶನ ಹಿಂದೆ ಹೊರಟಳು.

ಬಸ್‌ಸ್ಟ್ಯಾಂಡಿನಲ್ಲಿ ಹಾಸಿದ್ದೇ ತಡ, ಒಬ್ಬ ಬಾಣಂತಿ ಕೂಸಿನೊಂದಿಗೆ ಬಂದು ರುಮಾಲಿನ ತಂಪಿಗೆ ಕೂತಳು. ನೀಲವ್ವ ನೆರಳಿನ ಹೆಗಲ ಹತ್ತಿರ ಜಾಗ ಹಿಡಿದಳು.

"ಯಾವ ಊರ ಬಸ್ಸಿಗೆ ಕುಂತೀರಿ ಅಮ್ಮಾರ?" ಎಂದು ಬಾಣಂತಿ ಕೇಳಿದಳು.

"ಯಾವ ಊರಿಗೂ ಅಲ್ಲವ್ವ. ಇವರನ್ನ ಬಿಡಾಕ ಬಂದೀನಿ."

ಬಸ್ಸುಗಳು ಬಂದವು, ಹೋದವು. ನೀಲವ್ವ ಏಳಲಿಲ್ಲ.