ಸಿಗಡಿ ಬಾಗು

ನಾಯಕನ ಕತ್ತಿ ಹೊಟ್ಟೆ ಸವರಿಕೊಂಡು ಹೋಯಿತು. ಹತಾನೋ ಚೀರಲಿಲ್ಲ, ಎಂದಿನಂತೆ ಸಿಗಡಿಯ ಹಾಗೆ ಹಿಂದಕ್ಕೆ ಬೆನ್ನು ಬಾಗಿಸಲೂ ಇಲ್ಲ. ಕಿಮೋನೋದ ಅಂಚನ್ನು ಎರಡು ಬೆರಳಲ್ಲಿ ಹಿಡಿದು ಮೆಲ್ಲಗೆ ಕುಸಿದ. ಆಮೇಲೆ ಆ ಬೆರಳುಗಳು ತಾವಾಗಿಯೇ ಸಡಿಲಾದವು.

"ಕಟ್," ಎಂದ ನಿರ್ದೇಶಕ ಕುಸಾಕಾ. "ಏನಾಯ್ತು ಹತಾನೋ ಸಾನ್? ಇಡೀ ಕ್ಯೋಟೋದಲ್ಲಿ ನಿಮ್ಮಷ್ಟು ಚೆನ್ನಾಗಿ ಸಾಯೋರು ಇನ್ಯಾರಿದಾರೆ? ಇದೇನಿದು, ತೂಕಡಿಸಿದಂಗೆ."

ನಾಯಕರ ಕತ್ತಿಗೆ ಸಿಕ್ಕಿ ಸಾಯುವುದೇ ಹತಾನೋನ ಜೀವಮಾನದ ಕಸುಬು. ಆದರೆ ನಿಜವಾದ ಸಾವನ್ನು ಅವನು ಕಣ್ಣಾರೆ ಕಂಡದ್ದು ಇವತ್ತು ಬೆಳಗ್ಗೆಯೇ, ಆಸ್ಪತ್ರೆಯಲ್ಲಿ. ಹೆಂಡತಿ ಫುಜಿಯೆ ಹೊದಿಕೆಯ ಅಂಚು ಹಿಡಿದಿದ್ದಳು, ಬಿಟ್ಟಳು. ಮನೆಯ ಸಾವನ್ನು ಸೆಟ್ಟಿಗೆ ತರಬಾರದೆಂಬುದು ಅವನ ಕಾಲದ ನಟರ ಕಟ್ಟಳೆ. ಯಾರಿಗೂ ಹೇಳದೆ ಬಂದು ಬಣ್ಣ ಹಚ್ಚಿಕೊಂಡಿದ್ದ.

"ಹಂಗೆಲ್ಲ ಯಾರೂ ಸಾಯಲ್ಲ ಕಣ್ರೀ," ಕುಸಾಕಾ ನಕ್ಕ. "ನೋಡೋರು ನಂಬಬೇಕಲ್ಲ."

ಹತಾನೋ ಎದ್ದು ಎಲ್ಲರಿಗೂ ತಲೆಬಾಗಿದ. "ತಪ್ಪಾಯ್ತು. ಈ ಸಲ ಸರಿಯಾಗಿ ಸಾಯ್ತೀನಿ."

ನಾಯಕ ಮತ್ತೆ ಕತ್ತಿ ಬೀಸಿದ. ಹತಾನೋ ಗಂಟಲು ಹರಿಯುವಂತೆ ಚೀರಿದ, ಬೆನ್ನನ್ನು ಬಿಲ್ಲಾಗಿಸಿ ಧೊಪ್ಪನೆ ಬಿದ್ದ. ಸೆಟ್ಟಿನವರೆಲ್ಲ ಚಪ್ಪಾಳೆ ತಟ್ಟಿದರು.

"ಇದು ನೋಡಿ ಸಾವು ಅಂದ್ರೆ," ಎಂದ ಕುಸಾಕಾ.

ನೆಲದ ಮೇಲಿದ್ದ ಹತಾನೋನ ಎರಡು ಬೆರಳು ಮಾತ್ರ ಕಿಮೋನೋದ ಅಂಚನ್ನು ಇನ್ನೂ ಬಿಟ್ಟಿರಲಿಲ್ಲ.