ಕತ್ತರಿಸಿದ ಕಂಬಿ

ಊಟ ಮುಗಿಸಿ ಕೈ ತೊಳೆಯುತ್ತಿದ್ದ ಅಶ್ವತ್ಥಪ್ಪನಿಗೆ ಕಬ್ಬಿಣ ಕೊಯ್ಯುವ ಸದ್ದು ಕೇಳಿಸಿತು. ಆರ್.ಟಿ. ನಗರದ ಆ ಬೀದಿಗೆ ಸದ್ದು ಹೊಸದಲ್ಲ. ಆದರೆ ಇದು ಅವನದೇ ಮನೆಯ ಹಿಂದಿನಿಂದ ಬರುತ್ತಿತ್ತು. ಹೋಗಿ ನೋಡಿದರೆ, ಮಲಗುವ ಕೋಣೆಯ ಕಿಟಕಿಗೆ ಯಂತ್ರದ ಗರಗಸ ಹಿಡಿದು ನಿಂತಿದ್ದವನು ದಸ್ತಗೀರ್.

ಆ ಮನೆ ಕಟ್ಟಿಕೊಟ್ಟ ಎಂಜಿನಿಯರ್.

ಕಳ್ಳರು ನುಗ್ಗದ ಮನೆ ಬೇಕೆಂದರೆ ಹೆಬ್ಬಾಳದಿಂದ ಯಲಹಂಕದವರೆಗೆ ಜನ ದಸ್ತಗೀರನನ್ನೇ ಹುಡುಕುತ್ತಿದ್ದರು. ಕಳ್ಳತನದ ಚರಿತ್ರೆಯೇ ಅವನ ನಾಲಗೆಯ ಮೇಲಿತ್ತು. ಕಳ್ಳರು ಮಣ್ಣಿನ ಗೋಡೆಗೆ ಕನ್ನ ಕೊರೆದರು, ಜನ ಕಲ್ಲಿನಲ್ಲಿ ಕಟ್ಟಿದರು. ಹೆಂಚು ಸರಿಸಿ ಇಳಿದರು, ತಾರಸಿ ಬಂತು. ಕಿಟಕಿಯ ಸರಳುಗಳನ್ನು ಕಾರಿನ ಜಾಕ್ ಇಟ್ಟು ಬಗ್ಗಿಸಿದರು. ಅದಕ್ಕೆ ದಸ್ತಗೀರ್ ಉತ್ತರ ಕೊಟ್ಟ: ಗೋಡೆಯೊಳಗೆ ಆಳಕ್ಕೆ ಹೂತು ಕಾಂಕ್ರೀಟು ಸುರಿದ ಉಕ್ಕಿನ ಕಂಬಿ.

ಹೋದ ವಾರ ಅವನೇ ಫೋನ್ ಮಾಡಿ, ಮಲಗುವ ಕೋಣೆಯ ಕಿಟಕಿಯನ್ನು ಪುಕ್ಕಟೆಯಾಗಿ ಬದಲಿಸಿಕೊಡುತ್ತೇನೆ ಎಂದಿದ್ದ. ಅನುಮಾನ ಬಂದು ಅಶ್ವತ್ಥಪ್ಪ ಬೇಡವೆಂದಿದ್ದ. ಆಮೇಲೆ, ಹೆಬ್ಬಾಳದಲ್ಲಿ ಪ್ರತಿಭಾ ಎಂಬವರ ಮನೆಯ ಕಿಟಕಿಯನ್ನು ಯಾರೋ ಕತ್ತರಿಸಿದ್ದಾರೆಂಬ ಸುದ್ದಿ ಬಂತು. ಆ ಮನೆಯನ್ನೂ ಕಟ್ಟಿದವನು ದಸ್ತಗೀರನೇ. ಒಳಗಿನ ಒಡವೆಗಳು ಮಾತ್ರ ಇದ್ದ ಹಾಗೇ ಇದ್ದವಂತೆ.

"ನೀವೇ ಈ ಕೆಲ್ಸಕ್ಕೆ ಇಳಿದ್ರಾ?" ಎಂದ ಅಶ್ವತ್ಥಪ್ಪ.

ದಸ್ತಗೀರ್ ಗರಗಸ ನಿಲ್ಲಿಸಿದ. ಕೆಳಗಿಡಲಿಲ್ಲ. ಅವನ ಅಂಗೈ ತುಂಬ ಸುಟ್ಟ ಗಾಯ. ವೆಲ್ಡಿಂಗ್ ಕೆಲಸದ್ದಿರಬೇಕು ಎಂದುಕೊಂಡ ಅಶ್ವತ್ಥಪ್ಪ.

"ಈ ರೂಮಲ್ಲಿ ಯಾರು ಮಲಗ್ತಾರೆ ಸಾರ್?"

"ನನ್ನ ಮೊಮ್ಮಗಳು."

"ಒಬ್ಬಳೇನಾ?"

ಅಶ್ವತ್ಥಪ್ಪ ಮುಂದೆ ನುಗ್ಗಿದ. ಕೊರಳಪಟ್ಟಿ ಹಿಡಿದು ಅವನನ್ನು ಗೋಡೆಗೆ ಒತ್ತಿದ. ಇನ್ನೊಂದು ಕೈಯಲ್ಲಿ ಪೊಲೀಸರಿಗೆ ಫೋನ್ ಮಾಡಿದ. ದಸ್ತಗೀರ್ ಬಿಡಿಸಿಕೊಳ್ಳಲು ನೋಡಲಿಲ್ಲ. ಪೊಲೀಸರು ಬರಲಿ, ಆದರೆ ಅಷ್ಟರೊಳಗೆ ಉಳಿದೊಂದು ಕಂಬಿ ಕತ್ತರಿಸಲು ಬಿಡಿ ಎಂದು ಬೇಡಿಕೊಂಡ.

ಅಶ್ವತ್ಥಪ್ಪನ ಹಿಡಿತ ತುಸು ಸಡಿಲವಾಯಿತು. ಯಾಕೆ ಎಂದು ಕೇಳಿದ.

"ಸೋಲದೇವನಹಳ್ಳೀಲಿ ನಮ್ಮನೆಗೆ ಬೆಂಕಿ ಬಿತ್ತು ಸಾರ್. ಮಗಳು ರುಖ್ಸಾರ್ ಕಿಟಕಿ ತನಕ ಬಂದು ನನ್ನ ಕೈ ಹಿಡ್ಕೊಂಡಿದ್ಲು; ಹೊರಗೆ ಎಳ್ಕೊಳ್ಳೋಕೆ ನಾನೇ ಹಾಕಿದ್ದ ಕಂಬಿ ಬಿಡ್ಲಿಲ್ಲ."